ಒಂದು ಚುಕ್ಕೆಗೆ ಐವತ್ತು ವರ್ಷ

2023ರಲ್ಲಿ ಮುಂಬೈಯ ಹರಾಜೊಂದರಲ್ಲಿ ಒಂದು ಚಿತ್ರ 51.75 ಕೋಟಿ ರೂಪಾಯಿಗೆ ಮಾರಾಟವಾಯಿತು. ಅದರಲ್ಲಿ ದೇವರಿಲ್ಲ, ರಾಜನಿಲ್ಲ, ಹೆಣ್ಣುಮಗಳ ಮುಖವಿಲ್ಲ, ಗಿಡಮರವೂ ಇಲ್ಲ. ಇರುವುದು ದುಂಡನೆಯ ಬಿಂದು, ತ್ರಿಕೋನ, ಚೌಕ, ಗೆರೆ. ಉಳಿದದ್ದೆಲ್ಲ ಬಣ್ಣ. ಚಿತ್ರದ ಹೆಸರು 'ಜೆಸ್ಟೇಷನ್', ಅಂದರೆ ಗರ್ಭದಲ್ಲಿ ಜೀವ ಬೆಳೆಯುವ ಕಾಲ. ಬರೆದವರು ಸೈಯದ್ ಹೈದರ್ ರಝಾ. ಬರೆದದ್ದು 1989ರಲ್ಲಿ.

ಇಂಥ ಸುದ್ದಿ ಮೊಬೈಲಿಗೆ ಬಂದಾಗ ಊರಲ್ಲಿ ಎಲ್ಲರೂ ಕೇಳುವ ಪ್ರಶ್ನೆ ಒಂದೇ: 'ಇಷ್ಟನ್ನ ನಮ್ಮನೆ ಮಗುನೂ ಬರೀತದಲ್ಲ?' ಕೇಳಬೇಕಾದ ಪ್ರಶ್ನೆಯೇ ಅದು. ಅದಕ್ಕೆ ಉತ್ತರ ಹುಡುಕುತ್ತಾ ಹೋದರೆ ನಾವು ತಲುಪುವುದು ಹರಾಜು ಕೋಣೆಗಲ್ಲ, ಮಧ್ಯಪ್ರದೇಶದ ಕಾಡಿನ ನಡುವಿನ ಒಂದು ಹಳ್ಳಿ ಶಾಲೆಯ ಜಗಲಿಗೆ.

ಕಾಡಿನ ಹುಡುಗ

ರಝಾ ಹುಟ್ಟಿದ್ದು 1922ರ ಫೆಬ್ರುವರಿ 22ರಂದು, ಮಂಡಲಾ ಜಿಲ್ಲೆಯ ಬಾಬರಿಯಾ ಎಂಬ ಹಳ್ಳಿಯಲ್ಲಿ. ನರ್ಮದಾ ನದಿ ಹರಿಯುವ ಸೀಮೆ ಅದು. ಗೊಂಡರು ವಾಸವಿರುವ ದಟ್ಟ ಕಾಡು. ಅಪ್ಪ ಅರಣ್ಯ ಇಲಾಖೆಯಲ್ಲಿ ಉಪ ವಲಯಾಧಿಕಾರಿ. ಹೀಗಾಗಿ ಮನೆ ಕಾಡಿನ ಅಂಚಿನಲ್ಲೇ.

ಆ ಕಾಡಿನ ರಾತ್ರಿ ಹುಡುಗನಿಗೆ ಭಯ ಹುಟ್ಟಿಸುತ್ತಿತ್ತು. ಕರೆಂಟು ಇಲ್ಲದ ಕಾಲ. ಸಂಜೆಯಾದರೆ ಕಪ್ಪು, ಎಲ್ಲ ಕಡೆ ಕಪ್ಪು. ಬೆಳಗಾಗಿ ಸೂರ್ಯ ಮೂಡಿದರೆ ಅದೇ ಕಾಡು ಬೇರೆ ಲೋಕ. ಈ ಭಯವನ್ನೂ ಬೆಳಗಿನ ಆ ನೆಮ್ಮದಿಯನ್ನೂ ರಝಾ ಮುದುಕರಾಗುವ ತನಕ ಹೇಳುತ್ತಿದ್ದರು. ಅವರ ಚಿತ್ರಗಳ ಕಪ್ಪು ಎಲ್ಲಿಂದ ಬಂತು ಎಂದು ಕೇಳುವವರಿಗೆ ಇಲ್ಲೇ ಅರ್ಧ ಉತ್ತರವಿದೆ.

ಓದಿದ್ದು ಕಕೈಯಾ ಹಳ್ಳಿಯ ಪ್ರಾಥಮಿಕ ಶಾಲೆಯಲ್ಲಿ. ಹುಡುಗನ ಮನಸ್ಸು ಪಾಠದಲ್ಲಿ ನಿಲ್ಲುತ್ತಿರಲಿಲ್ಲ. ಹೊರಗೆ ಹಕ್ಕಿ, ಮರ, ಮೋಡ. ಮುಖ್ಯೋಪಾಧ್ಯಾಯರು ನಂದಲಾಲ್ ಝಾರಿಯಾ. ಒಂದು ದಿನ ಅವರು ಹುಡುಗನನ್ನು ಶಾಲೆಯ ಜಗಲಿಯಲ್ಲಿ ಕೂರಿಸಿ, ಗೋಡೆಯ ಮೇಲೆ ಒಂದು ಚುಕ್ಕೆ ಇಟ್ಟರು. 'ಇದನ್ನೇ ನೋಡುತ್ತಾ ಕೂರು' ಎಂದರು. ಆಗ ಹುಡುಗನಿಗೆ ಎಂಟರ ಆಸುಪಾಸು.

ಬೆತ್ತ ಎತ್ತಿಕೊಳ್ಳುವುದೇ ರೂಢಿಯಾಗಿದ್ದ ಕಾಲದಲ್ಲಿ ಆ ಮೇಷ್ಟ್ರು ಹುಡುಗನ ಕಣ್ಣಿಗೆ ನಿಲ್ಲಲು ಒಂದು ಜಾಗ ಕೊಟ್ಟರು. ಅವರು ಚಿತ್ರಕಲೆ ಕಲಿಸುತ್ತಿರಲಿಲ್ಲ, ನೋಡುವುದನ್ನು ಕಲಿಸುತ್ತಿದ್ದರು. ಆದರೆ ಆ ಚುಕ್ಕೆ ಹುಡುಗನ ಕುಂಚಕ್ಕೆ ಇಳಿದು ಬರಲು ಐವತ್ತು ವರ್ಷ ಹಿಡಿಯಿತು. ಈ ನಡುವಿನ ಐವತ್ತು ವರ್ಷಗಳೇ ನಾವು ಹೇಳಹೊರಟಿರುವ ಕಥೆ.

ಮುಂಬೈಯ ಬ್ಲಾಕ್ ಸ್ಟುಡಿಯೊ

ಹದಿಮೂರರ ಹೊತ್ತಿಗೆ ರಝಾ ಓದಲು ದಮೋಹ್ ಪಟ್ಟಣಕ್ಕೆ ಹೋದರು. ಅಲ್ಲಿಂದ 1939ರಲ್ಲಿ ನಾಗಪುರದ ಕಲಾಶಾಲೆಗೆ. 1943ರಲ್ಲಿ ಮುಂಬೈಗೆ.

ಮುಂಬೈಯಲ್ಲಿ ಹೊಟ್ಟೆಪಾಡಿಗೆ ಹಿಡಿದ ಕೆಲಸ ಎಕ್ಸ್‌ಪ್ರೆಸ್ ಬ್ಲಾಕ್ ಸ್ಟುಡಿಯೊದಲ್ಲಿ. ಈಗಿನ ಹುಡುಗರಿಗೆ ಬ್ಲಾಕ್ ಅಂದರೆ ವಾಟ್ಸ್ಆ್ಯಪ್‌ನಲ್ಲಿ ಮಾಡುವ ಬ್ಲಾಕ್ ಮಾತ್ರ ಗೊತ್ತು. ಆಗ ಪತ್ರಿಕೆಯಲ್ಲಿ ಒಂದು ಫೋಟೊ, ಒಂದು ಚಿತ್ರ ಅಚ್ಚಾಗಬೇಕಾದರೆ ಅದನ್ನು ಲೋಹದ ತಗಡಿನ ಮೇಲೆ ಕೊರೆದು ಬ್ಲಾಕ್ ಮಾಡಬೇಕಿತ್ತು. ಅಂಥ ಕಡೆ ರಝಾ ವಿನ್ಯಾಸಗಾರರಾಗಿ ದುಡಿದರು. ಬಿಡುವಿನಲ್ಲಿ ಬೀದಿಗಿಳಿದು ಜಲವರ್ಣದಲ್ಲಿ ಮುಂಬೈಯ ಚಿತ್ರ ಬರೆದರು: ಮಳೆಯಲ್ಲಿ ನೆಂದ ರಸ್ತೆ, ಜನ, ಕಟ್ಟಡ. ಜೊತೆಗೆ ಜೆ.ಜೆ. ಕಲಾಶಾಲೆಯಲ್ಲಿ ಕಲಿಕೆ. ಉಡುಪಿ ಬಳಿಯ ಕಟ್ಟಿಂಗೇರಿಯಿಂದ ಮುಂಬೈಗೆ ಬಂದಿದ್ದ ನಮ್ಮ ಕೆ.ಕೆ. ಹೆಬ್ಬಾರರು ಕಲಿತು, ಕಲಿಸಿದ ಶಾಲೆಯೂ ಅದೇ.

1946ರಲ್ಲಿ ರಝಾ ಮೊದಲ ಏಕವ್ಯಕ್ತಿ ಪ್ರದರ್ಶನ ಮಾಡಿದರು. ಜನ ಮೆಚ್ಚಿದರು, ಚಿತ್ರಗಳು ಮಾರಾಟವಾದವು. ಮರುವರ್ಷ, ಸ್ವಾತಂತ್ರ್ಯ ಬಂದ ವರ್ಷವೇ, ಆರು ಮಂದಿ ಕಲಾವಿದರು ಸೇರಿ ಪ್ರಗತಿಶೀಲ ಕಲಾವಿದರ ಗುಂಪು ಕಟ್ಟಿದರು. ಎಫ್.ಎನ್. ಸೋಜಾ, ಕೆ.ಎಚ್. ಆರಾ, ಎಂ.ಎಫ್. ಹುಸೇನ್, ಎಚ್.ಎ. ಗಾಡೆ, ಎಸ್.ಕೆ. ಬಾಕ್ರೆ ಮತ್ತು ರಝಾ. ಯಾರೂ ಶ್ರೀಮಂತರ ಮಕ್ಕಳಲ್ಲ. ಹುಸೇನ್ ಸಿನಿಮಾ ಹೋರ್ಡಿಂಗ್ ಬರೆದು ಬದುಕಿದವರು. ಆರಾ ಮನೆಗೆಲಸ ಮಾಡಿ ಬದುಕಿದವರು. ಬ್ರಿಟಿಷರು ಕಲಿಸಿದ ಹಾಗೆ ಬರೆಯುವುದು ಸಾಕು, ಹಳೆಯ ಕಾಲದ ಪುರಾಣ ಚಿತ್ರಗಳನ್ನೇ ನಕಲು ಮಾಡುವುದೂ ಸಾಕು, ಹೊಸ ದೇಶಕ್ಕೆ ಹೊಸ ಕಣ್ಣು ಬೇಕು ಎಂಬುದು ಅವರ ಹಟ.

ಮನೆ ಖಾಲಿಯಾಯಿತು

ಹೊಸ ದೇಶ ಬಂದಿತು, ಒಡೆದೂ ಹೋಯಿತು. 1947ರಲ್ಲಿ ರಝಾ ತಾಯಿಯನ್ನು ಕಳೆದುಕೊಂಡರು, 1948ರಲ್ಲಿ ತಂದೆಯನ್ನು. ವಿಭಜನೆಯ ಬಿರುಗಾಳಿಯಲ್ಲಿ ಅಣ್ಣತಮ್ಮಂದಿರು, ತಂಗಿ ಪಾಕಿಸ್ತಾನಕ್ಕೆ ಹೋದರು. ಮೊದಲ ಹೆಂಡತಿಯೂ ಹೋದರು. ರಝಾ ಹೋಗಲಿಲ್ಲ.

ಯಾಕೆ ಹೋಗಲಿಲ್ಲ ಎಂದು ಕೇಳಿದವರಿಗೆ ಅವರು ಗಾಂಧಿಯ ಹೆಸರು ಹೇಳುತ್ತಿದ್ದರು. ಮಂಡಲಾಕ್ಕೆ ಗಾಂಧಿ ಬಂದಾಗ ಹುಡುಗನಾಗಿ ಅವರನ್ನು ನೋಡಿದ್ದರಂತೆ. ಈ ನೆಲ ಬಿಟ್ಟು ಹೋದರೆ ಆ ಮುದುಕನಿಗೆ ದ್ರೋಹ ಮಾಡಿದಂತೆ ಎನ್ನುವುದು ಅವರ ಭಾವನೆ. ಮುಂದೆ ಅರವತ್ತು ವರ್ಷ ಫ್ರಾನ್ಸಿನಲ್ಲಿ ಬದುಕಿದರೂ ಭಾರತದ ಪೌರತ್ವ ಬಿಡಲಿಲ್ಲ.

ರಝಾ ಚಿತ್ರಗಳ ಬಣ್ಣ ನೋಡಿ 'ಎಂಥ ಸಂತೋಷ' ಎನ್ನುವವರು ಈ ಖಾಲಿ ಮನೆಯನ್ನೂ ನೆನಪಿಡಬೇಕು. ಅಪ್ಪ ಅಮ್ಮ ಇಲ್ಲ, ಒಡಹುಟ್ಟಿದವರು ಗಡಿಯಾಚೆ. ಊರು ಅಂತ ಉಳಿದದ್ದು ಕಾಡು, ನದಿ, ಮಣ್ಣು. ಮುಂದೆ ಅವರು ಬರೆದದ್ದೂ ಅವುಗಳನ್ನೇ.

ಮನೆ ಕಟ್ಟುವ ಹಾಗೆ ಚಿತ್ರ ಕಟ್ಟು

1948ರಲ್ಲಿ ರಝಾ ಚಿತ್ರ ಬರೆಯಲು ಕಾಶ್ಮೀರಕ್ಕೆ ಹೋದರು. ಶ್ರೀನಗರದಲ್ಲಿ ಫ್ರಾನ್ಸಿನ ಹೆಸರಾಂತ ಫೋಟೊಗ್ರಾಫರ್ ಹೆನ್ರಿ ಕಾರ್ಟಿಯೆ ಬ್ರೆಸ್ಸನ್ ಸಿಕ್ಕಿದರು. ರಝಾ ತಮ್ಮ ಚಿತ್ರಗಳನ್ನು ತೋರಿಸಿದರು. ಬ್ರೆಸ್ಸನ್ ಮುಖಸ್ತುತಿ ಮಾಡಲಿಲ್ಲ. ನಿನಗೆ ಪ್ರತಿಭೆ ಇದೆ, ಆದರೆ ಚಿತ್ರದಲ್ಲಿ ಕಟ್ಟೋಣವಿಲ್ಲ. ಮನೆಗೆ ಅಡಿಪಾಯ, ಗೋಡೆ, ತೊಲೆ, ಮಾಡು ಇರುವಂತೆ ಚಿತ್ರಕ್ಕೂ ಇರಬೇಕು. ಸೆಜಾನ್‌ನನ್ನು ಓದು ಎಂಬರ್ಥದ ಮಾತು ಹೇಳಿದರು. ಪಾಲ್ ಸೆಜಾನ್ ಹತ್ತೊಂಬತ್ತನೇ ಶತಮಾನದ ಫ್ರೆಂಚ್ ಚಿತ್ರಕಾರ. ಒಂದು ಬೆಟ್ಟವನ್ನೋ ನಾಲ್ಕು ಹಣ್ಣನ್ನೋ ಬರೆದರೂ ಕಲ್ಲಿನ ಮೇಲೆ ಕಲ್ಲಿಟ್ಟಂತೆ ಬಣ್ಣದ ಮೇಲೆ ಬಣ್ಣ ಇಟ್ಟವನು.

ಚೆನ್ನಾಗಿ ಮಾರಾಟವಾಗುತ್ತಿದ್ದ ಕಲಾವಿದನಿಗೆ ಇಂಥ ಮಾತು ಕೇಳಿದರೆ ಸಿಟ್ಟು ಬರಬೇಕು. ರಝಾ ಮುಂಬೈಗೆ ವಾಪಸು ಬಂದು ಫ್ರೆಂಚ್ ಕಲಿಯಲು ಸೇರಿಕೊಂಡರು. ಫ್ರಾನ್ಸ್ ಸರ್ಕಾರದ ವಿದ್ಯಾರ್ಥಿವೇತನ ಗಿಟ್ಟಿಸಿ, 1950ರಲ್ಲಿ ಹಡಗು ಹತ್ತಿದರು. ಪ್ಯಾರಿಸ್‌ನ ಸರ್ಕಾರಿ ಕಲಾಶಾಲೆ ಎಕೋಲ್ ದೆ ಬೋಜಾರ್‌ನಲ್ಲಿ 1953ರವರೆಗೆ ಕಲಿತರು.

ಮುಂಬೈಯ ಒದ್ದೆ ಬೀದಿಗಳು ಈಗ ಮಾಯವಾದವು. ಅವುಗಳ ಜಾಗಕ್ಕೆ ಫ್ರಾನ್ಸಿನ ಹಳ್ಳಿಗಳು ಬಂದವು. ಮನೆಗಳ ಸಾಲು, ಚರ್ಚಿನ ಗೋಪುರ, ಮೇಲೊಂದು ಕಪ್ಪು ಸೂರ್ಯ. ಜನರೇ ಇಲ್ಲದ ಊರುಗಳು. ಮೊದಮೊದಲು ಗೆರೆ ಬಿಗಿಯಾಗಿತ್ತು. ಬರುಬರುತ್ತಾ ತೈಲವರ್ಣ ದಪ್ಪವಾಯಿತು, ಗೋಡೆ ಕರಗಿತು, ಬಣ್ಣ ಉರಿಯತೊಡಗಿತು.

1956ರಲ್ಲಿ ಫ್ರಾನ್ಸಿನ ಕಲಾ ವಿಮರ್ಶಕರು ಕೊಡುವ ದೊಡ್ಡ ಬಹುಮಾನ 'ಪ್ರಿ ದ ಲಾ ಕ್ರಿಟಿಕ್' ರಝಾಗೆ ಬಂತು. ಫ್ರೆಂಚರಲ್ಲದವರಿಗೆ ಅದು ಸಿಕ್ಕಿದ್ದು ಅದೇ ಮೊದಲು. ಸ್ವಾತಂತ್ರ್ಯ ಬಂದು ಒಂಬತ್ತೇ ವರ್ಷ ಆಗಿದ್ದ ದೇಶದ, ಕಾಡಿನ ಹಳ್ಳಿಯ ಒಬ್ಬ ಹುಡುಗ ಪ್ಯಾರಿಸ್‌ನಲ್ಲಿ ಗೆದ್ದಿದ್ದ. 1959ರಲ್ಲಿ ತಮ್ಮ ಜೊತೆ ಕಲಿತಿದ್ದ ಫ್ರೆಂಚ್ ಕಲಾವಿದೆ ಜಾನಿನ್ ಮೊಂಜಿಲಾ ಅವರನ್ನು ಮದುವೆಯಾದರು. ಅಲ್ಲೇ ನೆಲೆ ನಿಂತರು.

ಒಣಗುವ ಬಣ್ಣ, ತೆರೆಯುವ ಬಾಗಿಲು

1962ರಲ್ಲಿ ರಝಾ ಅಮೆರಿಕದ ಬರ್ಕ್ಲಿಗೆ, ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯಕ್ಕೆ ಅತಿಥಿ ಉಪನ್ಯಾಸಕರಾಗಿ ಹೋದರು. ಅಲ್ಲಿ ಮಾರ್ಕ್ ರಾಥ್ಕೊ ಚಿತ್ರಗಳು ಕಣ್ಣಿಗೆ ಬಿದ್ದವು. ದೊಡ್ಡ ಬಟ್ಟೆಯ ಮೇಲೆ ಎರಡೋ ಮೂರೋ ಬಣ್ಣದ ಪಟ್ಟೆಗಳು. ಮನೆ ಇಲ್ಲ, ಬೆಟ್ಟ ಇಲ್ಲ, ಏನೂ ಇಲ್ಲ. ಆದರೂ ಮುಂದೆ ನಿಂತವರ ಎದೆ ತುಂಬುತ್ತದೆ. ಬಣ್ಣಕ್ಕೆ ಇನ್ನೊಂದು ವಸ್ತುವಿನ ಊರುಗೋಲು ಬೇಡ ಎಂದು ರಝಾಗೆ ಮನವರಿಕೆ ಆದದ್ದು ಅಲ್ಲಿ.

ಇದೇ ಕಾಲದಲ್ಲಿ ಅವರು ಕೈಯ ಬಣ್ಣವನ್ನೂ ಬದಲಾಯಿಸಿದರು. ತೈಲವರ್ಣ ಎಣ್ಣೆಯಲ್ಲಿ ಕಲಸಿದ್ದು, ಒಣಗಲು ದಿನಗಟ್ಟಲೆ ಬೇಕು. ಅಕ್ರಿಲಿಕ್ ನೀರಿನಲ್ಲಿ ಕಲಸುವ ಬಣ್ಣ, ನಿಮಿಷಗಳಲ್ಲಿ ಒಣಗುತ್ತದೆ. ಎಣ್ಣೆ ಬಣ್ಣದಲ್ಲಿ ಅಂಚುಗಳು ಒಂದಕ್ಕೊಂದು ಕರಗುತ್ತವೆ. ಅಕ್ರಿಲಿಕ್‌ನಲ್ಲಿ ಕೆಂಪಿನ ಪಕ್ಕ ಹಳದಿ ಇಟ್ಟರೆ ಎರಡೂ ತಮ್ಮ ತಮ್ಮ ಜಾಗದಲ್ಲಿ ಗಟ್ಟಿಯಾಗಿ ನಿಲ್ಲುತ್ತವೆ. ಕೈ ಬೇಗ ಓಡಬಹುದು. ಮುಂದೆ ಅವರ ಚಿತ್ರಗಳಲ್ಲಿ ಕಾಣುವ ಸ್ಪಷ್ಟ ಗೆರೆ, ನಿಚ್ಚಳ ಬಣ್ಣಕ್ಕೆ ಈ ಬದಲಾವಣೆಯೂ ಒಂದು ಕಾರಣ.

ಆದರೆ ರಾಥ್ಕೊ ಬಾಗಿಲು ತೆರೆದನೇ ಹೊರತು ಒಳಗೆ ಏನಿರಬೇಕು ಎಂದು ಹೇಳಲಿಲ್ಲ. ಹೆಸರು, ಹಣ, ಗ್ಯಾಲರಿ ಎಲ್ಲ ಇದ್ದರೂ ರಝಾಗೆ ಸಮಾಧಾನವಿರಲಿಲ್ಲ. ಇದೆಲ್ಲ ಚೆನ್ನಾಗಿದೆ, ಇದರಲ್ಲಿ ನನ್ನದು ಯಾವುದು ಎಂಬ ಪ್ರಶ್ನೆ ಕಾಡತೊಡಗಿತು. ಊರು ಬಿಟ್ಟು ದೂರದ ನಗರದಲ್ಲಿ ದುಡಿಯುವ ನಮ್ಮಲ್ಲಿ ಎಷ್ಟೋ ಜನಕ್ಕೆ ಈ ಪ್ರಶ್ನೆ ಹೊಸತಲ್ಲ.

ಉತ್ತರ ಹುಡುಕಿಕೊಂಡು ಅವರು ಮತ್ತೆ ಮತ್ತೆ ಭಾರತಕ್ಕೆ ಬಂದರು. ಅಜಂತಾ, ಎಲ್ಲೋರಾ, ಬನಾರಸ್, ಗುಜರಾತ್, ರಾಜಸ್ಥಾನ ಸುತ್ತಿದರು. ಹಳೆಯ ರಜಪೂತ ಕಿರುಚಿತ್ರಗಳನ್ನು ಹೊಸ ಕಣ್ಣಿನಿಂದ ನೋಡಿದರು. ಆ ಚಿತ್ರಗಳಲ್ಲಿ ಹಾಳೆಯನ್ನು ಮನೆಯ ಕೋಣೆಗಳಂತೆ ಭಾಗ ಮಾಡಿರುತ್ತಾರೆ, ಸುತ್ತ ದಪ್ಪ ಅಂಚು ಕಟ್ಟಿರುತ್ತಾರೆ, ಒಂದೊಂದು ಕೋಣೆಗೂ ಒಂದೊಂದು ಬಣ್ಣ. ಬ್ರೆಸ್ಸನ್ ಹೇಳಿದ ಕಟ್ಟೋಣ ಇಲ್ಲಿಯೂ ಇತ್ತು!

ಮಣ್ಣು, ಕಾಡು, ತಾಯಿ

ಎಪ್ಪತ್ತರ ದಶಕದ ಚಿತ್ರಗಳ ಹೆಸರು ನೋಡಿ: 'ಝಮೀನ್', 'ತಪೋವನ', 'ಲಾ ತೆರ್'. ಲಾ ತೆರ್ ಅಂದರೂ ಫ್ರೆಂಚಿನಲ್ಲಿ ಭೂಮಿ ಎಂದೇ. 1972ರ 'ತಪೋವನ'ದಲ್ಲಿ ಕಾಡು ಎಂದು ಬೆರಳಿಟ್ಟು ತೋರಿಸಲು ಒಂದು ಮರವೂ ಇಲ್ಲ. ಕಪ್ಪಿನೊಳಗಿಂದ ಕೆಂಪು, ಹಳದಿ, ಹಸಿರು ಮಿಣುಕುತ್ತವೆ. ಕತ್ತಲೆಗೆ ಹೆದರಿದ ಕಾಡಿನ ಹುಡುಗನಿಗೆ ಬೆಂಕಿಯ ಬೆಳಕು ಕಂಡದ್ದು ಹೀಗೇ ಇರಬೇಕು ಎನ್ನಿಸುತ್ತದೆ.

1981ರ ಒಂದು ದೊಡ್ಡ ಚಿತ್ರದ ಹೆಸರು 'ಮಾ'. ಅದರಲ್ಲಿ ಅವರು ದೇವನಾಗರಿ ಅಕ್ಷರದಲ್ಲಿ ಒಂದು ಹಿಂದಿ ಕವಿತೆಯ ಸಾಲು ಬರೆದಿದ್ದಾರೆ. ತಾಯಿಯ ಬಳಿಗೆ ಮರಳುವಾಗ ಏನನ್ನು ತರಲಿ ಎಂದು ಮಗ ಕೇಳುವ ಭಾವ ಅದರದು. ಪ್ಯಾರಿಸ್‌ನಲ್ಲಿ ಮೂವತ್ತು ವರ್ಷ ಕಳೆದ ಮಗ ಕೇಳುತ್ತಿದ್ದಾನೆ. ಹೆತ್ತ ತಾಯಿ 1947ರಲ್ಲೇ ತೀರಿಕೊಂಡಿದ್ದಾಳೆ. ಇನ್ನು ಯಾವ ತಾಯಿಗೆ ಈ ಪ್ರಶ್ನೆ? ಚಿತ್ರ ಉತ್ತರ ಹೇಳುವುದಿಲ್ಲ. ಅಲ್ಲಿ ಒಂದು ದೊಡ್ಡ ಕಪ್ಪು ಬಿಂದು ಇದೆ.

ಹೌದು, ಅಷ್ಟು ಹೊತ್ತಿಗೆ ಚುಕ್ಕೆ ಬಂದಿತ್ತು. ಎಪ್ಪತ್ತರ ದಶಕದ ಕೊನೆಗೆ ಅವರ ಚಿತ್ರಗಳಲ್ಲಿ ಅದು ನಿಂತುಬಿಟ್ಟಿತು. ಕಕೈಯಾ ಶಾಲೆಯ ಮೇಷ್ಟ್ರು ಗೋಡೆಯ ಮೇಲೆ ಇಟ್ಟಿದ್ದ ಅದೇ ಚುಕ್ಕೆ ಎಂದು ರಝಾ ತಾವೇ ಹೇಳಿದರು. ಆಗ ಅವರಿಗೆ ಅರವತ್ತರ ಹತ್ತಿರ. ಬಹುಪಾಲು ನೌಕರರು ನಿವೃತ್ತರಾಗುವ ವಯಸ್ಸಿನಲ್ಲಿ ಅವರ ನಿಜವಾದ ಕೆಲಸ ಶುರುವಾಯಿತು.

ಹಾಗಾದರೆ ಇದನ್ನು ನೋಡುವುದು ಹೇಗೆ?

ಚುಕ್ಕೆ ನಮಗೆ ಹೊಸತಲ್ಲ. ರಂಗೋಲಿ ಶುರುವಾಗುವುದೇ ಚುಕ್ಕಿಯಿಂದ. ಹಣೆಯ ಮೇಲಿನ ಬೊಟ್ಟೂ ಅದೇ. ರೈತನಿಗೆ ಅದು ಬೀಜ. ರಝಾ ಕೂಡ ಬಿಂದುವನ್ನು ಬೀಜ ಎಂದೇ ಕಂಡರು. 'ಬೀಜ', 'ಅಂಕುರಣ' ಎಂದು ಚಿತ್ರಗಳಿಗೆ ಹೆಸರಿಟ್ಟರು. ನೆಲದೊಳಗೆ ಕತ್ತಲಲ್ಲಿ ಬೀಜ ಒಡೆಯುವಂತೆ ಕಪ್ಪಿನೊಳಗಿಂದ ಎಲ್ಲ ಬಣ್ಣ ಹುಟ್ಟುತ್ತದೆ ಎಂಬುದು ಅವರ ನಂಬಿಕೆ. ಕಪ್ಪನ್ನು ಅವರು ಎಲ್ಲ ಬಣ್ಣಗಳ ತಾಯಿ ಎಂದು ತಿಳಿದರು. ಕಪ್ಪು, ಬಿಳಿ, ಕೆಂಪು, ಹಳದಿ, ನೀಲಿ: ಈ ಐದು ಬಣ್ಣಗಳನ್ನು ಪಂಚಭೂತಗಳಿಗೆ ಹೊಂದಿಸಿ ಚಿತ್ರ ಬರೆದರು.

1983ರ 'ಸೌರಾಷ್ಟ್ರ' ಚಿತ್ರ ಅಗಲ ಎರಡು ಮೀಟರ್, ಎತ್ತರ ಎರಡು ಮೀಟರ್. ಮೊಬೈಲಿನಲ್ಲಿ ನೋಡಿದರೆ ಅದು ಅಂಗೈಯಗಲದ ವಿನ್ಯಾಸದ ಹಾಗೆ ಕಾಣುತ್ತದೆ. ಎದುರಿಗೆ ನಿಂತರೆ ಆಳೆತ್ತರದ ಬಾಗಿಲು. ಪಟ್ಟೆ ಪಟ್ಟೆಯಾಗಿ ಕೆಂಪು, ಕೇಸರಿ, ಹಳದಿ, ಮಣ್ಣಿನ ಬಣ್ಣ. ಗುಜರಾತಿನ ಆ ಸೀಮೆಯ ನಕ್ಷೆ ಅಲ್ಲಿಲ್ಲ. ಆ ಸೀಮೆಯ ಬಿಸಿಲಿದೆ.

ಇಂಥ ಚಿತ್ರದ ಮುಂದೆ 'ಇದೇನು?' ಎಂದು ಕೇಳುವ ಬದಲು ಕಣ್ಣನ್ನು ಒಂದು ಕಡೆ ನಿಲ್ಲಿಸಿ ನೋಡಿ. ಬಿಂದುವಿನ ಮೇಲೆ ಎರಡು ನಿಮಿಷ. ಸುತ್ತಲಿನ ಬಣ್ಣಗಳು ಮೆಲ್ಲಗೆ ಅಲುಗತೊಡಗುತ್ತವೆ. ಇದರಲ್ಲಿ ಮಾಯಮಂತ್ರವೇನೂ ಇಲ್ಲ, ಕಣ್ಣಿನ ಸ್ವಭಾವವೇ ಹಾಗೆ. ಹಸಿರು ಎಲೆಗಳ ನಡುವಿನ ಹಣ್ಣುಮೆಣಸಿನಕಾಯಿ ಬರೀ ನೆಲದ ಮೇಲೆ ಬಿದ್ದದ್ದಕ್ಕಿಂತ ಹೆಚ್ಚು ಕೆಂಪಾಗಿ ಕಾಣುತ್ತದಲ್ಲ, ಹಾಗೆ ಒಂದು ಬಣ್ಣ ಪಕ್ಕದ ಬಣ್ಣವನ್ನು ಏರಿಸುತ್ತದೆ, ಇಳಿಸುತ್ತದೆ. ಯಾವುದರ ಪಕ್ಕ ಯಾವುದು, ಎಷ್ಟು ಅಗಲ ಎಂಬ ಲೆಕ್ಕಾಚಾರವೇ ರಝಾ ಜೀವಮಾನವಿಡೀ ಕಲಿತ ವಿದ್ಯೆ.

ಮಗುವೂ ಚುಕ್ಕೆ ಇಡಬಲ್ಲದು, ನಿಜ. ಆದರೆ ರಝಾ ಒಂದೊಂದನ್ನೇ ಬಿಡುತ್ತಾ ಅಲ್ಲಿಗೆ ಬಂದವರು. ಮುಂಬೈಯಲ್ಲಿ ಮಾರಾಟವಾಗುತ್ತಿದ್ದ ಬೀದಿಗಳನ್ನು ಬಿಟ್ಟರು. ಪ್ಯಾರಿಸ್‌ನಲ್ಲಿ ಬಹುಮಾನ ತಂದ ಹಳ್ಳಿಗಳನ್ನು ಬಿಟ್ಟರು. ಕಾಡು ಬರೆದಾಗ ಮರವನ್ನು ಬಿಟ್ಟರು. ಗೆದ್ದದ್ದನ್ನು ಬಿಡುವುದು ಸೋತದ್ದನ್ನು ಬಿಡುವಷ್ಟು ಸುಲಭವಲ್ಲ.

ದುಡ್ಡಿನ ಮಾತು

2010ರಲ್ಲಿ 'ಸೌರಾಷ್ಟ್ರ' ಲಂಡನ್‌ನ ಹರಾಜಿನಲ್ಲಿ 16 ಕೋಟಿಗೂ ಮೀರಿ ಮಾರಾಟವಾಗಿ ಆಗಿನ ಕಾಲಕ್ಕೆ ದಾಖಲೆ ಮಾಡಿತು. ಒಂದು ಮಾತು ಗಮನಿಸಬೇಕು. ಹರಾಜಿನ ಹಣ ಹೋಗುವುದು ಆ ಹೊತ್ತಿಗೆ ಚಿತ್ರದ ಮಾಲೀಕರಾಗಿರುವವರಿಗೆ. ಕಲಾವಿದ ಎಂದೋ ಸಿಕ್ಕ ಬೆಲೆಗೆ ಕೊಟ್ಟಿರುತ್ತಾನೆ. ಸುಗ್ಗಿಯಲ್ಲಿ ಕೊಟ್ಟ ಅಡಿಕೆಗೆ ಆರು ತಿಂಗಳ ಮೇಲೆ ರೇಟು ಏರಿದರೆ ಲಾಭ ಯಾರಿಗೆ ಎಂದು ನಮ್ಮ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ.

ಬೆಲೆ ಏರಿದಲ್ಲಿ ಕಳ್ಳಮಾಲೂ ಬರುತ್ತದೆ. 2009ರಲ್ಲಿ ದೆಹಲಿಯ ಗ್ಯಾಲರಿಯೊಂದು ತಮ್ಮ ಚಿತ್ರಗಳ ಪ್ರದರ್ಶನ ಏರ್ಪಡಿಸಿದೆ ಎಂದು ರಝಾ ಖುದ್ದಾಗಿ ಹೋದರು. ಗೋಡೆಯ ಮೇಲಿದ್ದ ಚಿತ್ರಗಳನ್ನು ನೋಡಿ ದಂಗಾದರು. ಅವುಗಳಲ್ಲಿ ಹೆಚ್ಚಿನವು ನಕಲಿ. ಪ್ರದರ್ಶನ ಅಲ್ಲಿಗೇ ನಿಂತಿತು.

ಕೊನೆಗಾಲದಲ್ಲಿ ರಝಾ ಅದೇ ಬಿಂದುವನ್ನು ಅತಿಯಾಗಿ ಬರೆದರು, ಮಾರುಕಟ್ಟೆಗೆ ಬೇಕಾದ ಮಾಲಾಯಿತು ಎಂದು ಆಕ್ಷೇಪಿಸುವ ವಿಮರ್ಶಕರಿದ್ದಾರೆ. ಎಲ್ಲ ಬಿಂದುಗಳೂ ಒಂದೇ ತೂಕದವಲ್ಲ ಎಂಬುದು ನಮಗೂ ಒಪ್ಪಿಗೆ. ರಝಾ ಮಾತ್ರ ಅದನ್ನು ಜಪ ಎಂದು ತಿಳಿದರು. ಜಪದಲ್ಲಿ ಒಂದೇ ಹೆಸರನ್ನು ಸಾವಿರ ಸಲ ಹೇಳಿದರೂ ಬೇಸರವಿಲ್ಲ ಎನ್ನುವುದು ಅವರ ವಾದ. ಯಾರ ಮಾತು ಸರಿ ಎಂಬುದನ್ನು ಒಂದೊಂದು ಚಿತ್ರದ ಮುಂದೆ ನಿಂತೇ ತೀರ್ಮಾನಿಸಬೇಕು.

ಅಪ್ಪನ ಪಕ್ಕ

2002ರಲ್ಲಿ ಜಾನಿನ್ ತೀರಿಕೊಂಡರು. 2010ರ ಕೊನೆಗೆ, ಅರವತ್ತು ವರ್ಷಗಳ ಮೇಲೆ, ರಝಾ ಫ್ರಾನ್ಸಿನ ಮನೆ ಬಿಟ್ಟು ದೆಹಲಿಗೆ ಬಂದು ನೆಲೆಸಿದರು. ಗಾಲಿಕುರ್ಚಿಯಲ್ಲಿ ಕೂತೇ ಚಿತ್ರ ಬರೆದರು. ಎಳೆಯ ಕಲಾವಿದರಿಗೆ, ಕವಿಗಳಿಗೆ, ಸಂಗೀತಗಾರರಿಗೆ ನೆರವಾಗಲು ತಾವು ಸ್ಥಾಪಿಸಿದ್ದ ರಝಾ ಫೌಂಡೇಶನ್‌ಗೆ ತಮ್ಮ ಸಂಪಾದನೆ ಕೊಟ್ಟರು. ತೊಂಬತ್ತು ದಾಟಿದ ಮೇಲೆ ಗಾಂಧಿಯನ್ನು ನೆನೆದು ಒಂದು ಸರಣಿ ಬರೆದರು. 2013ರಲ್ಲಿ ಪದ್ಮವಿಭೂಷಣ ಬಂತು.

ಕುಂಡಲಿನಿ, ಪ್ರಕೃತಿ, ಪಂಚತತ್ತ್ವ ಎಂದು ಚಿತ್ರ ಬರೆದ ಈ ಮನುಷ್ಯ ಹುಟ್ಟಿನಿಂದ ಮುಸಲ್ಮಾನ. ಮಸೀದಿ, ದೇವಸ್ಥಾನ, ಚರ್ಚು ಎಲ್ಲಕ್ಕೂ ಹೋಗುತ್ತಿದ್ದರು. ಯಾರ ಅಪ್ಪಣೆಯನ್ನೂ ಕೇಳಲಿಲ್ಲ. ಅವರಿಗೆ ಬಿಂದುವನ್ನು ಕೊಟ್ಟದ್ದು ಹಳ್ಳಿ ಶಾಲೆ. ಅಲ್ಲಿ ಕೊಟ್ಟವರೂ ಪಡೆದವರೂ ಇದು ಯಾರ ಧರ್ಮದ್ದು ಎಂದು ಲೆಕ್ಕ ಹಾಕಿರಲಿಲ್ಲ.

2016ರ ಜುಲೈ 23ರಂದು ದೆಹಲಿಯಲ್ಲಿ, 94ನೇ ವಯಸ್ಸಿನಲ್ಲಿ ರಝಾ ತೀರಿಕೊಂಡರು. ನನ್ನನ್ನು ಮಂಡಲಾದಲ್ಲಿ ಅಪ್ಪನ ಪಕ್ಕ ಮಣ್ಣು ಮಾಡಿ ಎಂದು ಹೇಳಿದ್ದರು. ಹಾಗೇ ಮಾಡಿದರು. 2023ರಲ್ಲಿ ಪ್ಯಾರಿಸ್‌ನ ಪಾಂಪಿದೂ ಕೇಂದ್ರ ಅವರ ದೊಡ್ಡ ಪ್ರದರ್ಶನ ನಡೆಸಿತು. ಹೊರಟು ಹೋದ ಮಗನನ್ನು ಆ ಊರೂ ಮರೆಯಲಿಲ್ಲ.

ನಮ್ಮ ಊರುಗಳ ಎಷ್ಟೋ ಶಾಲೆಗಳಲ್ಲಿ ಡ್ರಾಯಿಂಗ್ ಪೀರಿಯಡ್ ಎಂದರೆ ಟೈಮ್‌ಟೇಬಲ್ಲಿನಲ್ಲಿ ಇರುವ ಒಂದು ಹೆಸರು. ಮೇಷ್ಟ್ರಿಲ್ಲ, ಇದ್ದರೆ ಬಣ್ಣವಿಲ್ಲ, ಎರಡೂ ಇದ್ದರೆ ಪರೀಕ್ಷೆ ಹತ್ತಿರ ಬಂದಿದೆ ಎಂದು ಗಣಿತ ಬಂದು ಕೂರುತ್ತದೆ. ಎಲ್ಲ ಮಕ್ಕಳೂ ರಝಾ ಆಗಬೇಕಿಲ್ಲ, ಆಗುವುದೂ ಇಲ್ಲ. ಆದರೆ ಕಿಟಕಿಯಾಚೆ ಹಕ್ಕಿ ನೋಡುತ್ತಾ ಕೂತ ಮಗುವನ್ನು 'ದಡ್ಡ' ಎನ್ನುವ ಮೊದಲು ನಂದಲಾಲ್ ಝಾರಿಯಾ ಅವರನ್ನು ಒಮ್ಮೆ ನೆನೆಯಬಹುದು. ಅವರಿಗೆ ಬೇಕಾದದ್ದು ಒಂದು ಗೋಡೆ, ಒಂದು ಚುಕ್ಕೆ, ಒಂದಿಷ್ಟು ತಾಳ್ಮೆ. 51 ಕೋಟಿಯ ಸುದ್ದಿ ಅವರ ಕಿವಿಗೆ ಬೀಳಲಿಲ್ಲ.